ಜೋಕರ್‌ನ ಗಾಯಕ್ಕೆ ಎಷ್ಟು ಕಥೆಗಳು?

ಬ್ಯಾಟ್‌ಮ್ಯಾನ್ ಹುಟ್ಟಿದ ಆರೇ ತಿಂಗಳಿಗೆ ಅವನಿಗೊಂದು ಮೂಲಕಥೆ ಬೇಕಾಯಿತು. 1939ರ ಮೇ ತಿಂಗಳ ‘ಡಿಟೆಕ್ಟಿವ್ ಕಾಮಿಕ್ಸ್’ 27ನೇ ಸಂಚಿಕೆಯಲ್ಲಿ ಆತ ಮೊದಲ ಸಲ ಕಾಣಿಸಿಕೊಂಡ. ನವೆಂಬರ್ ತಿಂಗಳ 33ನೇ ಸಂಚಿಕೆಯಲ್ಲಿ, ಒಂದೆರಡು ಪುಟಗಳೊಳಗೆ ಎಲ್ಲವೂ ಇತ್ಯರ್ಥವಾಗಿತ್ತು. ರಾತ್ರಿ, ಬೀದಿ, ಬಂದೂಕು ಹಿಡಿದ ಕಳ್ಳ, ಕಣ್ಣೆದುರೇ ಸತ್ತ ಅಪ್ಪ ಅಮ್ಮ, ಒಬ್ಬಂಟಿಯಾದ ಹುಡುಗ, ಅವನ ಶಪಥ. ಅಲ್ಲಿಂದ ಇಲ್ಲಿಯವರೆಗೆ ಈ ಕಥೆಯನ್ನು ನೂರಾರು ಜನ ಮತ್ತೆ ಮತ್ತೆ ಬರೆದಿದ್ದಾರೆ, ಬಿಡಿಸಿದ್ದಾರೆ. ಆದರೆ ಆ ಬೀದಿ, ಆ ಎರಡು ಸಾವು ಮಾತ್ರ ಹಾಗೇ ಉಳಿದಿವೆ.

ಅವನ ಎದುರಾಳಿ ಜೋಕರ್‌ಗೆ ಈ ಸೌಲಭ್ಯ ಸಿಗಲಿಲ್ಲ. 1940ರಲ್ಲಿ ಬಂದ ‘ಬ್ಯಾಟ್‌ಮ್ಯಾನ್’ ಮೊದಲ ಸಂಚಿಕೆಯಲ್ಲಿ ಅವನು ಎಲ್ಲಿಂದ ಬಂದ, ಯಾರ ಮಗ ಎಂಬ ವಿವರವೇ ಇಲ್ಲ. ಬಿಳಿ ಮುಖ, ಹಸಿರು ಕೂದಲು, ಕಿವಿಯವರೆಗೆ ಹರಡಿದ ನಗು, ಅಷ್ಟೇ. ನಿಜ ಹೇಳಬೇಕೆಂದರೆ ಅದೇ ಸಂಚಿಕೆಯಲ್ಲೇ ಅವನು ಸಾಯಬೇಕಿತ್ತು. ಸಂಪಾದಕರಾಗಿದ್ದ ವಿಟ್ನಿ ಎಲ್ಸ್‌ವರ್ತ್ ಇಂಥ ಪಾತ್ರವನ್ನು ಕೊಲ್ಲಬಾರದು ಎಂದದ್ದರಿಂದ ಕೊನೆಯಲ್ಲಿ ಅವನಿಗಿನ್ನೂ ಜೀವವಿದೆ ಎಂದು ತೋರಿಸುವ ಚಿತ್ರ ಸೇರಿಕೊಂಡಿತು. ಹೀಗೆ ಉಳಿದುಕೊಂಡವನು ಮುಂದಿನ ಹನ್ನೊಂದು ವರ್ಷ ಮೂಲಕಥೆಯೇ ಇಲ್ಲದೆ ಬದುಕಿದ. ಓದುಗರು ಅವನನ್ನು ಹಾಗೆಯೇ ಒಪ್ಪಿಕೊಂಡಿದ್ದರು.

1951ರ ಫೆಬ್ರವರಿಯಲ್ಲಿ, ‘ಡಿಟೆಕ್ಟಿವ್ ಕಾಮಿಕ್ಸ್’ 168ನೇ ಸಂಚಿಕೆಯಲ್ಲಿ, ಬಿಲ್ ಫಿಂಗರ್ ಬರೆದ ಕಥೆ ಮೊದಲ ಉತ್ತರ ಕೊಟ್ಟಿತು. ನನ್ನಂಥ ಸಂಶೋಧನಾ ವಿದ್ಯಾರ್ಥಿಗೆ ಖುಷಿ ಕೊಡುವ ವಿಷಯವೆಂದರೆ ಈ ಕಥೆ ನಡೆಯುವುದು ವಿಶ್ವವಿದ್ಯಾಲಯದಲ್ಲಿ. ಬ್ಯಾಟ್‌ಮ್ಯಾನ್ ಅಪರಾಧಶಾಸ್ತ್ರದ ವಿದ್ಯಾರ್ಥಿಗಳಿಗೆ ಪಾಠ ಮಾಡಲು ಬಂದು, ತಾನು ಬಿಡಿಸಲಾಗದ ಹಳೆಯ ಪ್ರಕರಣವೊಂದನ್ನು ಅವರ ಮುಂದಿಡುತ್ತಾನೆ. ಕೆಂಪು ಮುಸುಕಿನ ಕಳ್ಳನೊಬ್ಬ ಇಸ್ಪೀಟ್ ಎಲೆ ತಯಾರಿಸುವ ಕಾರ್ಖಾನೆಯಿಂದ ತಪ್ಪಿಸಿಕೊಳ್ಳಲು ರಾಸಾಯನಿಕ ತ್ಯಾಜ್ಯದ ಗುಂಡಿಗೆ ಹಾರಿದ್ದ. ಹೊರಬಂದಾಗ ಮುಖ ಬೆಳ್ಳಗೆ, ಕೂದಲು ಹಸಿರಾಗಿತ್ತು. ಅವನೇ ಜೋಕರ್. ಆದರೆ ಈ ಕಥೆ ವಿವರಿಸಿದ್ದು ಅವನ ಬಣ್ಣವನ್ನು ಮಾತ್ರ. ಗುಂಡಿಗೆ ಬೀಳುವ ಮೊದಲೂ ಅವನು ಕಳ್ಳನೇ. ಮುಸುಕಿನೊಳಗೆ ಯಾರಿದ್ದ, ಅವನು ಹಾಗೇಕಾದ ಎಂಬುದು ಅಲ್ಲೂ ಖಾಲಿ.

ಆ ಖಾಲಿ ಜಾಗವನ್ನು ತುಂಬಿದ್ದು, ತುಂಬಿದ ಕೂಡಲೇ ಅಳಿಸಿದ್ದು 1988ರ ‘ದ ಕಿಲ್ಲಿಂಗ್ ಜೋಕ್’. ಬರೆದವರು ಅಲನ್ ಮೂರ್, ಚಿತ್ರ ಬಿಡಿಸಿದವರು ಬ್ರಯಾನ್ ಬೋಲಂಡ್. ಅದರಲ್ಲಿ ಒಬ್ಬ ಬಡಪಾಯಿ ಬರುತ್ತಾನೆ. ರಾಸಾಯನಿಕ ಕಾರ್ಖಾನೆಯ ಕೆಲಸ ಬಿಟ್ಟು ಹಾಸ್ಯ ಕಲಾವಿದನಾಗಲು ಹೊರಟವನು. ಅವನ ಜೋಕಿಗೆ ಯಾರೂ ನಗುವುದಿಲ್ಲ. ಮನೆಯಲ್ಲಿ ಗರ್ಭಿಣಿ ಹೆಂಡತಿ, ಕೈಯಲ್ಲಿ ಕಾಸಿಲ್ಲ. ಒಂದು ಕಳ್ಳತನಕ್ಕೆ ಜೊತೆಯಾಗಲು ಒಪ್ಪಿಕೊಳ್ಳುತ್ತಾನೆ. ಕಳ್ಳತನದ ದಿನವೇ ಹೆಂಡತಿ ಅಪಘಾತದಲ್ಲಿ ಸತ್ತ ಸುದ್ದಿ ಬರುತ್ತದೆ. ಹಿಂದೆ ಸರಿಯಲು ಸಂಗಡಿಗರು ಬಿಡುವುದಿಲ್ಲ. ಮತ್ತೆ ಅದೇ ಕೆಂಪು ಮುಸುಕು, ಅದೇ ರಾಸಾಯನಿಕ. ಓದುತ್ತಾ ಓದುತ್ತಾ ನಮ್ಮ ಕರುಳು ಚುರುಕ್ ಎನ್ನುವ ಹೊತ್ತಿಗೆ ಜೋಕರ್ ತನ್ನ ನೆನಪಿನ ಬಗ್ಗೆ ಹೇಳುತ್ತಾನೆ: ತನಗೆ ಅದು ಒಮ್ಮೆ ಹೀಗೆ, ಒಮ್ಮೆ ಹಾಗೆ ನೆನಪಾಗುತ್ತದೆ, ಗತಕಾಲ ಇರಲೇಬೇಕಾದರೆ ಬಹು ಆಯ್ಕೆಯ ಪ್ರಶ್ನೆಯ ಹಾಗಿದ್ದರೆ ಒಳ್ಳೆಯದು ಎಂಬ ಅರ್ಥದಲ್ಲಿ. ಅಲ್ಲಿಯವರೆಗೆ ನಾವು ಮರುಗಿದ್ದು ಯಾರಿಗಾಗಿ?

ಒಬ್ಬ ಖಳನಿಗೆ ಹಲವು ಮೂಲಕಥೆ ಎನ್ನುವುದು ನಮಗೇನೂ ಹೊಸದಲ್ಲ. ರಾವಣನನ್ನೇ ತೆಗೆದುಕೊಳ್ಳಿ. ಒಂದು ಕಥೆಯಲ್ಲಿ ಅವನು ವೈಕುಂಠದ ದ್ವಾರಪಾಲಕ ಜಯ, ಶಾಪದಿಂದ ರಾಕ್ಷಸನಾಗಿ ಹುಟ್ಟಿದವನು. ನಾಗಚಂದ್ರನ ಜೈನ ರಾಮಾಯಣದಲ್ಲಿ ಅವನು ರಾಕ್ಷಸನೇ ಅಲ್ಲ, ಒಂದು ಮೋಹಕ್ಕೆ ಸಿಕ್ಕಿ ಕೆಟ್ಟ ದೊಡ್ಡ ಮನುಷ್ಯ. ಆದರೆ ಇವು ಬೇರೆ ಬೇರೆ ಹೇಳುಗರ ಕಥೆಗಳು. ಪ್ರತಿಯೊಬ್ಬನಿಗೂ ತನ್ನ ಕಥೆಯ ಬಗ್ಗೆ ಪೂರ್ತಿ ಭರವಸೆ ಇದೆ. ಜೋಕರ್‌ನ ಸಂಗತಿ ಬೇರೆ. ಅಲ್ಲಿ ಒಂದೇ ಬಾಯಿಂದ ಹಲವು ಕಥೆ ಬರುತ್ತವೆ, ಕೇಳುವವರು ಬದಲಾದಂತೆ ಕಥೆಯೂ ಬದಲಾಗುತ್ತದೆ.

ಇದನ್ನು ಅತ್ಯಂತ ಸ್ಪಷ್ಟವಾಗಿ ತೋರಿಸಿದ್ದು ಕ್ರಿಸ್ಟೋಫರ್ ನೋಲನ್ ಅವರ 2008ರ ‘ದ ಡಾರ್ಕ್ ನೈಟ್’ ಸಿನಿಮಾ. ಹೀತ್ ಲೆಡ್ಜರ್ ಮಾಡಿದ ಜೋಕರ್‌ನ ಬಾಯಿಯ ಎರಡೂ ಬದಿಗೆ ಗಾಯದ ಗುರುತುಗಳಿವೆ. ಪೊಲೀಸರು ಹಿಡಿದಾಗ ಅವನ ಬೆರಳಚ್ಚು ಎಲ್ಲೂ ಹೊಂದುವುದಿಲ್ಲ, ಬಟ್ಟೆಯ ಮೇಲೆ ಅಂಗಡಿಯ ಚೀಟಿಯೂ ಇಲ್ಲ. ಗಾಯದ ಕಥೆಯನ್ನು ಅವನು ಎರಡು ಸಲ ಹೇಳುತ್ತಾನೆ. ಗ್ಯಾಂಬಲ್ ಎಂಬ ರೌಡಿಯ ಬಾಯಿಗೆ ಚಾಕು ಇಟ್ಟು ಹೇಳುವಾಗ ಅದು ಕುಡುಕ ಅಪ್ಪನ ಕಥೆ: ಅಮ್ಮನ ಮೇಲೆ ಕೈಮಾಡಿದ ಅಪ್ಪ, ಆಮೇಲೆ ಮಗನ ಮುಖಕ್ಕೆ ಚಾಕು ಹಾಕಿದ. ಔತಣಕೂಟದಲ್ಲಿ ರೇಚಲ್ ಎಂಬ ಹೆಣ್ಣುಮಗಳನ್ನು ಹಿಡಿದು ಹೇಳುವಾಗ ಹೆಂಡತಿಯ ಕಥೆ: ಜೂಜಾಡಿ ಸಾಲ ಮಾಡಿಕೊಂಡ ಅವಳ ಮುಖವನ್ನು ಸಾಲ ಕೊಟ್ಟವರು ಕೊಯ್ದರು, ಅವಳಿಗೆ ಸಮಾಧಾನವಾಗಲೆಂದು ತಾನೂ ಕೊಯ್ದುಕೊಂಡೆ, ಅದನ್ನು ನೋಡಲಾಗದೆ ಅವಳು ಬಿಟ್ಟುಹೋದಳು. ಕೊನೆಗೆ ಬ್ಯಾಟ್‌ಮ್ಯಾನ್‌ಗೂ ಗಾಯದ ಕಥೆ ಹೇಳಲು ಶುರು ಮಾಡುತ್ತಾನೆ. ಬ್ಯಾಟ್‌ಮ್ಯಾನ್ ಕೇಳಿಸಿಕೊಳ್ಳುವುದಿಲ್ಲ. ಮೂರನೆಯ ಕಥೆ ಏನಿತ್ತೋ ನಮಗೂ ಗೊತ್ತಾಗುವುದಿಲ್ಲ.

ನನ್ನ ಪಿಎಚ್‌ಡಿ ವಿಷಯ ಕನ್ನಡದ ಆತ್ಮಕಥನಗಳು. ಜೋಕರ್‌ಗೂ ಅದಕ್ಕೂ ಸಂಬಂಧವಿಲ್ಲ, ಹಾಸ್ಟೆಲ್‌ನಲ್ಲಿ ನಿದ್ದೆ ಬಾರದ ರಾತ್ರಿಗಳಲ್ಲಿ ಓದುವ ಹಕ್ಕು ಅವನದು. ಆದರೆ ನನ್ನ ಗೈಡ್ ಪ್ರತಿ ಅಧ್ಯಾಯಕ್ಕೂ ಕೇಳುವ ಪ್ರಶ್ನೆ ಒಂದೇ: ‘ಇದನ್ನ ಇವರು ಯಾರಿಗೆ ಹೇಳ್ತಿದಾರೆ?’ ಆ ಪ್ರಶ್ನೆ ತಲೆಯಲ್ಲಿ ಕೂತಮೇಲೆ ಎಲ್ಲ ಕಡೆ ಅದೇ ಕೇಳುತ್ತದೆ. ಈ ವಿಷಯವನ್ನೇ ಯಾಕೆ ಆರಿಸಿಕೊಂಡೆ ಎಂದು ಫೆಲೋಶಿಪ್ ಸಂದರ್ಶನದಲ್ಲಿ ಕೇಳಿದಾಗ ‘ಈ ಕ್ಷೇತ್ರದಲ್ಲಿ ಆಗಬೇಕಾದ ಕೆಲಸ ಬಹಳವಿದೆ’ ಎಂದಿದ್ದೆ. ಮದುವೆ ಮನೆಗಳಲ್ಲಿ ನೆಂಟರು ಕೇಳಿದರೆ ‘ಇದು ಮುಗಿದ್ರೆ ಕಾಲೇಜಲ್ಲಿ ಕೆಲಸ ಸಿಗತ್ತೆ’ ಎನ್ನುತ್ತೇನೆ. ಗೆಳತಿಯರಿಗೆ, ತಾತನ ಕಪಾಟಿನಲ್ಲಿ ಇದ್ದ ಪುಸ್ತಕಗಳ ಕಥೆ. ಮೂರೂ ಸುಳ್ಳಲ್ಲ. ಕೇಳುವವರ ಮುಖ ನೋಡಿ ಒಂದನ್ನು ಎತ್ತಿಕೊಳ್ಳುತ್ತೇನೆ, ಅಷ್ಟೆ. ಎಲ್ಲರೂ ಹೀಗೆಯೇ. ಇದರಿಂದ ಯಾರಿಗೂ ಏನೂ ಆಗುವುದಿಲ್ಲ.

ಆಗುವ ಸಂದರ್ಭವನ್ನು ನಾನು ಚಿಕ್ಕವಳಿದ್ದಾಗಲೇ ನೋಡಿದ್ದೆ.

ನನಗೆ ಹತ್ತು ವರ್ಷವಿದ್ದಾಗ ಸೋದರತ್ತೆ ಮಗನನ್ನು ಕರೆದುಕೊಂಡು ತಿಪಟೂರಿನ ನಮ್ಮ ಮನೆಗೆ ಬಂದರು. ಮಾವ ಹೊಡೆಯುತ್ತಿದ್ದರು. ಎಂಟು ದಿನಕ್ಕೆ ಮಾವ, ಅವರ ಕಡೆಯ ಇಬ್ಬರು ಹಿರಿಯರು ರಾಜಿಗೆಂದು ಬಂದು ನಡುಮನೆಯಲ್ಲಿ ಕೂತರು. ಕಾಫಿ ಲೋಟಗಳನ್ನು ಕೊಟ್ಟು ಬಾಗಿಲ ಪಕ್ಕ ನಿಂತುಕೊಳ್ಳುವ ಕೆಲಸ ನನ್ನದು. ಆ ದಿನ ಮಾವ ಮಾತಾಡಿದ್ದು ತಾತನ ಜೊತೆ. ತಾತ ನಿವೃತ್ತ ಮೇಷ್ಟ್ರು. ಮಾವ ಹೇಳಿದ್ದು ತಮ್ಮ ಬಾಲ್ಯದ ಕಥೆ: ಓದುವ ಆಸೆಯಿತ್ತು, ಅಪ್ಪ ಸ್ಕೂಲು ಬಿಡಿಸಿ ತೋಟದ ಕೆಲಸಕ್ಕೆ ಹಾಕಿದರು, ಪುಸ್ತಕ ಕೈಯಲ್ಲಿ ಕಂಡರೆ ಬಾರುಕೋಲಲ್ಲಿ ಬಾರಿಸುತ್ತಿದ್ದರು, ಆ ಸಿಟ್ಟು ಒಳಗೇ ಉಳಿದುಬಿಟ್ಟಿದೆ. ತಾತ ಕನ್ನಡಕ ತೆಗೆದು ಒರೆಸಿಕೊಂಡರು. ಮಾರನೇ ದಿನ ಅತ್ತೆಯನ್ನು ಕಳಿಸಿಕೊಟ್ಟರು.

ನಾಲ್ಕು ತಿಂಗಳಿಗೆ ಅತ್ತೆ ಎಡಗೈಗೆ ಪಟ್ಟಿ ಕಟ್ಟಿಕೊಂಡು ವಾಪಸ್ಸು ಬಂದರು. ಈ ಸಲ ತಾತ ಮಾತಾಡಲಿಲ್ಲ, ನಮ್ಮಪ್ಪ ಕೂತರು. ಅಪ್ಪನದು ಕೊಬ್ಬರಿ ವ್ಯಾಪಾರ. ಮಾವ ಈಗ ಹೇಳಿದ್ದು ಕೊಬ್ಬರಿ ರೇಟು ಬಿದ್ದ ವರ್ಷದ ಕಥೆ: ಸ್ವಂತ ಅಣ್ಣನೇ ಪಾಲುದಾರಿಕೆಯಲ್ಲಿ ಕೈಕೊಟ್ಟ, ಸಾಲಗಾರರು ಮನೆ ಬಾಗಿಲಿಗೆ ಬಂದರು, ಕುಡಿತ ಶುರುವಾಗಿದ್ದು ಆಗಲೇ. ರೇಟು ಬೀಳುವುದೆಂದರೆ ಏನೆಂದು ಅಪ್ಪನಿಗೆ ಚೆನ್ನಾಗಿ ಗೊತ್ತಿತ್ತು. ಸ್ವಲ್ಪ ದುಡ್ಡನ್ನೂ ಕೊಟ್ಟು ಕಳಿಸಿದರು. ಮೂರನೆಯ ಸಲ ಮಾವ ಅಜ್ಜಿಯ ಹತ್ತಿರ ಕೂತು, ಮನೆದೇವರ ಹರಕೆ ತೀರಿಸದೆ ಉಳಿದಿದೆ, ಅದಕ್ಕೇ ಮೈಮೇಲೆ ಪ್ರಜ್ಞೆ ಇರುವುದಿಲ್ಲ ಎಂದರು. ಅಜ್ಜಿ ಆಗಲೇ ಕಾಸು ಎತ್ತಿ ಅರಿಶಿನ ಬಟ್ಟೆಯಲ್ಲಿ ಕಟ್ಟಿದರು. ಆದರೆ ಅತ್ತೆ ಅಡುಗೆಮನೆಯಿಂದಲೇ ‘ನಾನು ಹೋಗಲ್ಲ’ ಎಂದರು. ಅಷ್ಟೂ ದಿನದಲ್ಲಿ ಆ ವಿಷಯವಾಗಿ ಅವರ ಧ್ವನಿ ನಡುಮನೆಗೆ ಕೇಳಿದ್ದು ಅದೊಂದೇ ಸಲ.

ಆ ಮೂರು ಕಥೆಗಳಲ್ಲಿ ಒಂದು ನಿಜವಿರಬಹುದು, ಮೂರೂ ನಿಜವಿರಬಹುದು. ಅದನ್ನು ತೀರ್ಮಾನಿಸುವ ದಾರಿ ನನಗಿಲ್ಲ. ನನ್ನ ಕಣ್ಣಿಗೆ ಬಿದ್ದದ್ದು ಬೇರೆ: ಪ್ರತಿ ಕಥೆಯೂ ಕೆಲಸ ಮಾಡಿತು. ಮೇಷ್ಟ್ರಿಗೆ ಓದು ತಪ್ಪಿದ ಹುಡುಗ, ವ್ಯಾಪಾರಿಗೆ ಮುಳುಗಿದ ವ್ಯಾಪಾರಿ, ಭಕ್ತೆಗೆ ದೇವರ ಸಿಟ್ಟು. ರೇಚಲ್‌ಗೆ ಹೆಂಡತಿಯ ಕಥೆಯೇ ಯಾಕೆ ಬೇಕಿತ್ತು ಎಂದು ನನಗೆ ಅರ್ಥವಾದದ್ದು ಯಾವ ಸಿದ್ಧಾಂತದಿಂದಲೂ ಅಲ್ಲ. ಜೋಕರ್ ಕಥೆ ಹೇಳುವಾಗಲೆಲ್ಲ ಚಾಕು ಅವನ ಕೈಯಲ್ಲೇ ಇರುತ್ತದೆ ಎನ್ನುವುದನ್ನು ನಾವು ಮರೆಯುತ್ತೇವೆ, ಏಕೆಂದರೆ ಕಥೆ ಚೆನ್ನಾಗಿರುತ್ತದೆ.

ಹಾಗೆಂದು ಮೂಲಕಥೆಗಳೆಲ್ಲ ನೆಪ ಎಂದು ಷರಾ ಬರೆದುಬಿಡಲೂ ಆಗುವುದಿಲ್ಲ. ‘ಎಕ್ಸ್-ಮೆನ್’ ಕಾಮಿಕ್ಸಿನ ಮ್ಯಾಗ್ನೀಟೋ 1963ರಲ್ಲಿ ಬಂದಾಗ ಬರೀ ಲೋಕವನ್ನು ಆಳಹೊರಟ ದುಷ್ಟ. 1981ರಲ್ಲಿ ಕ್ರಿಸ್ ಕ್ಲೇರ್‌ಮಾಂಟ್ ಅವನನ್ನು ಆಶ್ವಿಟ್ಜ್‌ನಲ್ಲಿ ಬೆಳೆದ ಹುಡುಗನಾಗಿಸಿದರು. 2008ರಲ್ಲಿ ಶುರುವಾದ ಸರಣಿಯೊಂದು ಆ ಬಾಲ್ಯವನ್ನು ಇತಿಹಾಸದ ವಿವರಗಳ ಜೊತೆ ಹೇಳಿತು. ಅಲ್ಲಿ ‘ಒಮ್ಮೆ ಹೀಗೆ, ಒಮ್ಮೆ ಹಾಗೆ’ ಎಂದು ಆಟವಾಡಲು ಬರುವುದಿಲ್ಲ. ಆ ಮೂಲ ಅವನೊಬ್ಬನದಲ್ಲ, ನಿಜವಾಗಿ ಸತ್ತ ಲಕ್ಷಾಂತರ ಜನರದ್ದು.

ಜೋಕರ್‌ನನ್ನು ಸೃಷ್ಟಿಸಿದವರ ಕಥೆಯಲ್ಲೂ ಇಂಥದ್ದೇ ಒಂದು ಪಾಠವಿದೆ. ಅವನನ್ನು ಮೊದಲು ಕಲ್ಪಿಸಿದವರು ಯಾರು? ಇಸ್ಪೀಟ್ ಎಲೆಯ ಜೋಕರ್‌ನಿಂದ ತಾನೇ ಆರಂಭಿಸಿದೆ ಎಂದರು ಜೆರ್ರಿ ರಾಬಿನ್‌ಸನ್. 1928ರ ‘ದ ಮ್ಯಾನ್ ಹೂ ಲಾಫ್ಸ್’ ಸಿನಿಮಾದ ನಟ ಕಾನ್ರಾಡ್ ಫೈಟ್‌ನ ಫೋಟೊವನ್ನು ಬಿಲ್ ಫಿಂಗರ್ ತಂದಾಗ ಜೋಕರ್ ಹುಟ್ಟಿದ ಎಂದರು ಬಾಬ್ ಕೇನ್. ಖಳನಿಗೆ ತಕ್ಕ ಹಾಗೆ ಅವನ ಜನ್ಮವೃತ್ತಾಂತವೂ ಒಂದಕ್ಕಿಂತ ಹೆಚ್ಚು. ಆದರೆ ಇಲ್ಲಿ ಅಸ್ಪಷ್ಟತೆಗೆ ಬೆಲೆ ತೆತ್ತವರಿದ್ದಾರೆ. ಬ್ಯಾಟ್‌ಮ್ಯಾನ್ ಸೃಷ್ಟಿಕರ್ತನೆಂದು ದಶಕಗಳ ಕಾಲ ಕೇನ್ ಹೆಸರೊಂದೇ ಅಚ್ಚಾಯಿತು. ಫಿಂಗರ್ 1974ರಲ್ಲಿ ತೀರಿಕೊಂಡರು. ಅವರ ಹೆಸರು ಅಧಿಕೃತವಾಗಿ ಜೊತೆಗೆ ಸೇರಿದ್ದು 2015ರಲ್ಲಿ. ಜೋಕರ್‌ಗೆ ಮೊದಲ ಮೂಲಕಥೆ ಬರೆದುಕೊಟ್ಟ ಮನುಷ್ಯನಿಗೇ ತನ್ನ ಮೂಲದ ಪಾಲು ಬದುಕಿರುವಾಗ ಸಿಗಲಿಲ್ಲ. ಅನ್ಯಾಯಕ್ಕೆ ಒಳಗಾದವರಿಗೆ ‘ನಿಜಕ್ಕೂ ಏನಾಯಿತು’ ಎನ್ನುವುದು ಆಟವಲ್ಲ, ಅನ್ನದ ಪ್ರಶ್ನೆ.

ಅತ್ತೆಯ ಮಗನಿಗೂ ಅದು ಆಟವಾಗಿರಲಿಲ್ಲ. ಅವನು ನನಗಿಂತ ಎರಡು ವರ್ಷ ಚಿಕ್ಕವನು, ಒಂದೇ ಮನೆಯಲ್ಲಿ ಬೆಳೆದದ್ದರಿಂದ ನನ್ನನ್ನು ಅಕ್ಕ ಎಂದೇ ಕರೆಯುತ್ತಾನೆ. 2019ರ ಅಕ್ಟೋಬರ್‌ನಲ್ಲಿ ಟಾಡ್ ಫಿಲಿಪ್ಸ್ ಅವರ ‘ಜೋಕರ್’ ಬಂದಾಗ ಇಬ್ಬರೂ ಬೆಂಗಳೂರಿನಲ್ಲಿದ್ದೆವು, ಜೊತೆಯಾಗಿ ಹೋದೆವು. ವೋಕೀನ್ ಫೀನಿಕ್ಸ್ ಮಾಡಿದ ಆರ್ಥರ್ ಫ್ಲೆಕ್‌ಗೆ ಆ ಸಿನಿಮಾದಲ್ಲಿ ಕಾರಣಗಳ ರಾಶಿಯೇ ಇದೆ: ಬಡತನ, ಕಾಯಿಲೆ, ನಿಂತುಹೋಗುವ ಸರ್ಕಾರಿ ಚಿಕಿತ್ಸೆ, ಬಾಲ್ಯದ ಹಿಂಸೆ. ಆದರೆ ಅಪ್ಪ ಯಾರು ಎಂಬುದು ಮಾತ್ರ ಗೊತ್ತಾಗುವುದಿಲ್ಲ. ಶ್ರೀಮಂತ ಥಾಮಸ್ ವೇನ್ ನಿನ್ನಪ್ಪ ಎನ್ನುವುದು ಅಮ್ಮನ ಪತ್ರದಿಂದ ತಿಳಿಯುತ್ತದೆ. ನೀನು ದತ್ತು ಮಗು ಎನ್ನುತ್ತದೆ ಆಸ್ಪತ್ರೆಯ ಕಡತ. ಅದನ್ನೇ ನಂಬೋಣವೆಂದರೆ ಅಮ್ಮನ ಹಳೆಯ ಫೋಟೊದ ಹಿಂದೆ ವೇನ್ ಹೆಸರಿನ ಮೊದಲಕ್ಷರಗಳ ಸಹಿ ಸಿಗುತ್ತದೆ.

ಹೊರಗೆ ಬಂದು ಚಹಾ ಕುಡಿಯುವಾಗ ಅವನು ಬಹಳ ಹೊತ್ತು ಸುಮ್ಮನಿದ್ದ. ಆಮೇಲೆ ಹೇಳಿದ: ‘ಅವನಿಗೆ ಅಪ್ಪ ಯಾರು ಅಂತಲೇ ಗೊತ್ತಿಲ್ಲ, ಬಚಾವು. ನಂಗೆ ಗೊತ್ತಲ್ಲ ಅಕ್ಕ. ಸಿಟ್ಟು ಬಂದಾಗೆಲ್ಲ ಕೈ ನೋಡ್ಕೋತೀನಿ.’

ಅವನಿಗೆ ಬೇಕಿದ್ದ ಮೂಲಕಥೆ ಅಪ್ಪನನ್ನು ಕ್ಷಮಿಸಲಿಕ್ಕೆ ಅಲ್ಲ. ಕಾರಣ ಕೊಬ್ಬರಿ ರೇಟು ಅಂತಾದರೆ ಅದು ಅವನಿಗೆ ಬರುವುದಿಲ್ಲ. ತಾತನ ಬಾರುಕೋಲು ಅಂತಾದರೆ ಅಪ್ಪನಿಗೆ ಬಂದ ಹಾಗೆ ಅವನಿಗೂ ಬಂದಿರಬಹುದು. ರಕ್ತ ಅಂತಾದರೆ ತಪ್ಪಿಸಿಕೊಳ್ಳುವ ದಾರಿಯೇ ಇಲ್ಲ. ನಮ್ಮ ಮನೆಯ ನಡುಮನೆಯಲ್ಲಿ ಮೂರು ಸಲ ಮೂರು ತರಹ ಹೇಳಿದ ಕಥೆಯಲ್ಲಿ ಅವನು ಹುಡುಕುತ್ತಿದ್ದುದು ತನ್ನ ಮುಂದಿನ ದಿನಗಳನ್ನು.

ಅವತ್ತು ಅವನಿಗೆ ನಾನು ಸಮಾಧಾನ ಹೇಳಲಿಲ್ಲ. ‘ದ ಕಿಲ್ಲಿಂಗ್ ಜೋಕ್’ ಕೊಟ್ಟೆ. ಕೊಡಲು ಒಂದು ಕಾರಣವಿತ್ತು. ಆ ಪುಸ್ತಕದಲ್ಲಿ ಜೋಕರ್ ಒಂದು ವಾದ ಹೂಡುತ್ತಾನೆ: ಒಂದು ಕೆಟ್ಟ ದಿನ ಸಾಕು, ಯಾರು ಬೇಕಾದರೂ ನನ್ನಂತಾಗುತ್ತಾರೆ. ಅದನ್ನು ಸಾಬೀತು ಮಾಡಲು ಪೊಲೀಸ್ ಕಮಿಷನರ್ ಗಾರ್ಡನ್ ಅವರ ಮಗಳು ಬಾರ್ಬರಾಳಿಗೆ ಗುಂಡು ಹೊಡೆದು, ಗಾರ್ಡನ್‌ರನ್ನು ಹೊತ್ತೊಯ್ದು, ಆ ನರಳಾಟದ ಚಿತ್ರಗಳನ್ನೇ ತೋರಿಸಿ ಹಿಂಸಿಸುತ್ತಾನೆ. ಗಾರ್ಡನ್‌ಗೆ ಹುಚ್ಚು ಹಿಡಿಯುವುದಿಲ್ಲ. ಬಿಡಿಸಲು ಬಂದ ಬ್ಯಾಟ್‌ಮ್ಯಾನ್‌ಗೆ, ಇವನನ್ನು ಕಾನೂನಿನ ಪ್ರಕಾರವೇ ಹಿಡಿಯಬೇಕು ಎನ್ನುತ್ತಾರೆ. ಅಂದರೆ ಜೋಕರ್‌ನ ಗತಕಾಲ ನಿಜವೋ ಸುಳ್ಳೋ ಎಂದು ತೀರ್ಮಾನವಾಗದೆಯೇ ಅವನ ವಾದ ಬಿದ್ದುಹೋಗುತ್ತದೆ. ಕೆಟ್ಟ ದಿನ ಬಂದದ್ದು ಇಬ್ಬರಿಗೂ. ಅಲ್ಲಿಂದ ಎದ್ದು ಇಬ್ಬರೂ ಒಂದೇ ಕಡೆ ನಡೆಯಲಿಲ್ಲ.

ಅವನು ಅದನ್ನು ಒಂದೇ ರಾತ್ರಿಯಲ್ಲಿ ಓದಿ ಮುಗಿಸಿ ಬೆಳಗ್ಗೆ ಫೋನ್ ಮಾಡಿದ. ಗಾರ್ಡನ್ ಬಗ್ಗೆ ಮಾತಾಡುತ್ತಾನೆ ಅಂದುಕೊಂಡಿದ್ದೆ. ಅವನು ಕೇಳಿದ್ದು: ‘ಆ ಹುಡುಗಿ ಆಮೇಲೆ ಏನಾದ್ಲು?’

ಪುಸ್ತಕದಲ್ಲಿ ಅದಕ್ಕೆ ಉತ್ತರವಿಲ್ಲ. ಅದು ಜೋಕರ್, ಗಾರ್ಡನ್, ಬ್ಯಾಟ್‌ಮ್ಯಾನ್ ಎಂಬ ಮೂವರು ಗಂಡಸರ ಪುಸ್ತಕ, ಬಾರ್ಬರಾ ಅವರ ನಡುವಿನ ವಾದಕ್ಕೆ ಸಾಕ್ಷ್ಯವಾಗಿ ಬಂದು ಆಸ್ಪತ್ರೆಯಲ್ಲಿ ಉಳಿಯುತ್ತಾಳೆ. ಆ ಕೃತಿಯ ಬಗ್ಗೆ ಅಲನ್ ಮೂರ್ ಅವರೇ ಮುಂದೆ ಅಸಮಾಧಾನ ಹೇಳಿಕೊಂಡಿದ್ದಾರೆ. ಮರುವರ್ಷವೇ, 1989ರಲ್ಲಿ, ಕಿಮ್ ಯೇಲ್ ಮತ್ತು ಜಾನ್ ಆಸ್ಟ್ರಾಂಡರ್ ಎಂಬ ದಂಪತಿ ‘ಸೂಸೈಡ್ ಸ್ಕ್ವಾಡ್’ನಲ್ಲಿ ಅವಳನ್ನು ಬೇರೆ ಹೆಸರಿನಲ್ಲಿ ಮತ್ತೆ ತಂದರು. ಅವಳೀಗ ಒರೇಕಲ್. ನಡೆಯಲಾರಳು, ಗಾಲಿಕುರ್ಚಿಯಲ್ಲಿ ಕಂಪ್ಯೂಟರಿನ ಮುಂದೆ ಕೂತು ಉಳಿದ ವೀರರಿಗೆಲ್ಲ ಬೇಕಾದ ಮಾಹಿತಿ ಹೆಕ್ಕಿಕೊಡುವವಳು. ಅವಳ ಮೂಲಕಥೆಯಲ್ಲಿ ಅನಿಶ್ಚಿತವಾದದ್ದು ಏನೂ ಇಲ್ಲ. ಬಾಗಿಲು ತೆರೆದಳು, ಗುಂಡು ಬಿತ್ತು. ಅಲ್ಲಿಂದ ಮುಂದಿನದೆಲ್ಲ ಅವಳ ಕಥೆ. ಇಷ್ಟನ್ನು ಅವನಿಗೆ ಹೇಳಿದೆ. ‘ಹ್ಞೂಂ’ ಎಂದ, ಅಷ್ಟೇ.

ಹೋದ ದಸರಾ ರಜೆಯಲ್ಲಿ ಊರಿಗೆ ಹೋದಾಗ ಅತ್ತೆಯ ಅಂಗಡಿಯಲ್ಲಿ ಕೂತಿದ್ದೆ. ಹಬ್ಬದ ಬ್ಲೌಸುಗಳ ರಾಶಿ ಬಿದ್ದಿತ್ತು. ಫಾಲ್ ಹಚ್ಚಲು ಸೀರೆಗಳನ್ನು ಮಡಿಸಿಕೊಡುತ್ತಾ, ಇಷ್ಟು ವರ್ಷ ಕೇಳದಿದ್ದುದನ್ನು ಕೇಳಿದೆ. ‘ಅತ್ತೆ, ಮಾವ ಯಾಕೆ ಹಾಗಿದ್ರು?’

ಅತ್ತೆ ಮಿಷನ್ ನಿಲ್ಲಿಸಲಿಲ್ಲ. ‘ಅವರು ಹೇಳ್ವಾಗ ಮೂರು ಸಲಾನೂ ನೀನು ಅಲ್ಲೇ ನಿಂತಿದ್ಯಲ್ಲ, ಕೇಳಿಸ್ಕೊಂಡಿಲ್ವಾ? ನನ್ನ ಕೇಳೋದಾದ್ರೆ ನಂದು ಕೇಳು.’

ಅವರದ್ದನ್ನು ಕೇಳಿದೆ. ಮೂರನೆಯ ಸಲ ಬಂದ ಬೆಳಗಿನ ಕಥೆ. ಮಗನ ಸ್ಕೂಲ್ ಬ್ಯಾಗಿನಿಂದ ಪುಸ್ತಕ ತೆಗೆದಿಟ್ಟು ಬಟ್ಟೆ ತುಂಬಿದ್ದು. ಪಕ್ಕದ ಮನೆಯವರಿಗೆ ಬ್ಲೌಸ್ ಹೊಲಿದುಕೊಟ್ಟ ದುಡ್ಡನ್ನು ಹೆಸರುಕಾಳಿನ ಡಬ್ಬಿಯಲ್ಲಿ ಇಟ್ಟಿದ್ದು. ಮೊದಲನೇ ಬಸ್ಸಿಗೆ ಕತ್ತಲಲ್ಲೇ ನಿಂತದ್ದು, ಪಟ್ಟಿ ಬಿಚ್ಚಿದ ಮೇಲೂ ನೋಯುತ್ತಿದ್ದ ಎಡಗೈಯಲ್ಲಿ ಮಗ, ಬಲಗೈಯಲ್ಲಿ ಬ್ಯಾಗು. ಆ ಕಥೆಯಲ್ಲಿ ಮಾವ ಒಂದೇ ಸಲ ಬಂದರು, ಅದೂ ನಿದ್ದೆಯಲ್ಲಿ. ಯಾಕೆ ಎಂಬ ಮಾತು ಎಲ್ಲೂ ಬರಲಿಲ್ಲ. ನಡುವೆ ಒಬ್ಬ ಹೆಂಗಸು ಬಂದು ತೋಳಿನ ಉದ್ದ ಇನ್ನೊಂದು ಇಂಚು ಇರಲಿ ಎಂದರು. ಅತ್ತೆ ಟೇಪು ಹಿಡಿದು ಅಳತೆ ತೆಗೆದುಕೊಂಡರು, ಚೀಟಿಯ ಮೇಲೆ ಬರೆದರು, ಕೂತು ಬಿಟ್ಟ ಕಡೆಯಿಂದಲೇ ಮುಂದುವರಿಸಿದರು.